ಬರ್ಗ್‌ಮನ್ ಸಿನಿಮಾ ಎಲ್ಲಿಂದ ಶುರು ಮಾಡೋದು? ಹ್ಯಾರಿಯೆಟ್ ಆಂಡರ್ಸನ್ ಅವರಿಂದ

ಸ್ವೀಡನ್ನಿನ ಹಳೇ ಸಿನಿಮಾ ಅಂದರೆ ನನಗೆ ಪ್ರಾಣ ಅಂತ ಗೊತ್ತಿರುವವರೆಲ್ಲ ಕೇಳುವ ಪ್ರಶ್ನೆ ಒಂದೇ: ನಿರ್ದೇಶಕ ಇಂಗ್ಮಾರ್ ಬರ್ಗ್‌ಮನ್ ಸಿನಿಮಾಗಳನ್ನ ಎಲ್ಲಿಂದ ಶುರು ಮಾಡಬೇಕು? ಸಾವಿನ ಜೊತೆ ಚದುರಂಗ ಆಡುವ ಆ ಸಿನಿಮಾದ, ಅಂದರೆ 'ದಿ ಸೆವೆಂತ್ ಸೀಲ್'ನ ಹೆಸರು ಹೇಳುತ್ತೇನೆ ಅಂತ ಕಾಯುತ್ತಿರುತ್ತಾರೆ. ನನ್ನ ಉತ್ತರ ಬೇರೆ. ನಿರ್ದೇಶಕರನ್ನು ಸ್ವಲ್ಪ ಬದಿಗಿಡಿ. ಹ್ಯಾರಿಯೆಟ್ ಆಂಡರ್ಸನ್ ಅನ್ನುವ ನಟಿಯ ಬೆನ್ನು ಹತ್ತಿ.

ಅವರು ಹುಟ್ಟಿದ್ದು 1932ರಲ್ಲಿ, ಸ್ಟಾಕ್‌ಹೋಮ್‌ನಲ್ಲಿ. ಹಾಡು, ಕುಣಿತ, ನಗೆಯ ರಂಗಪ್ರದರ್ಶನಗಳಿಂದ ಬಂದವರು. ಬರ್ಗ್‌ಮನ್ ನಿರ್ದೇಶಿಸಿದ 1953ರ 'ಸಮ್ಮರ್ ವಿತ್ ಮೋನಿಕಾ' ಅವರಿಗೆ ಹೆಸರು ತಂದಿತು. ಬಡ ಹುಡುಗಿ ಮೋನಿಕಾ ತನ್ನ ಹುಡುಗನ ಜೊತೆ ದೋಣಿ ಹತ್ತಿ ದ್ವೀಪಗಳ ಕಡೆ ಓಡಿಹೋಗುತ್ತಾಳೆ, ಬೇಸಿಗೆ ಮುಗಿಯುತ್ತದೆ, ಹೊಟ್ಟೆಯಲ್ಲಿ ಮಗು, ಮತ್ತೆ ಊರು, ಬಾಡಿಗೆ, ಜಗಳ. ಕೊನೆಗೆ ಒಂದು ಕೆಫೆಯಲ್ಲಿ ಬೇರೆ ಗಂಡಸಿನ ಜೊತೆ ಕೂತವಳು ಸಿಗರೇಟ್ ಹಚ್ಚಿಕೊಂಡು, ಮೆಲ್ಲಗೆ ಮುಖ ತಿರುಗಿಸಿ, ಸೀದಾ ಕ್ಯಾಮೆರಾವನ್ನೇ ನೋಡುತ್ತಾಳೆ. ಹಿಂದೆ ಇದ್ದದ್ದೆಲ್ಲ ಕತ್ತಲಾಗುತ್ತದೆ. ಆ ನೋಟ ನಮ್ಮ ಮೇಲಿಂದ ಕದಲುವುದೇ ಇಲ್ಲ. ಅವಳಿಗೆ ನಾಚಿಕೆ ಇಲ್ಲ, ಕ್ಷಮೆಯೂ ಬೇಡ. ಈಗ ಬೈಯಿರಿ ನೋಡೋಣ ಅನ್ನುವ ಹಾಗಿರುತ್ತದೆ. ನನಗಂತೂ ಬೈಯೋಕೆ ಆಗೋದೇ ಇಲ್ಲ.

ಆಗ ಬರ್ಗ್‌ಮನ್ ಮಾಲ್ಮೋ ನಗರದ ರಂಗಮಂದಿರದಲ್ಲಿದ್ದರು. ಚಳಿಗಾಲದಲ್ಲಿ ನಾಟಕ, ಬೇಸಿಗೆ ಬಂತೆಂದರೆ ಅದೇ ನಟನಟಿಯರನ್ನು ಕಟ್ಟಿಕೊಂಡು ಸಿನಿಮಾ. ಹ್ಯಾರಿಯೆಟ್ ಕೂಡ ಅಲ್ಲಿ ರಂಗದ ಮೇಲೆ ಪಳಗಿದವರು. ಆ ಪಳಗುವಿಕೆ 1961ರ 'ಥ್ರೂ ಎ ಗ್ಲಾಸ್ ಡಾರ್ಕ್‌ಲಿ'ಯಲ್ಲಿ ಚೆನ್ನಾಗಿ ಕಾಣುತ್ತದೆ. ಫೋರೋ ದ್ವೀಪ, ನಾಲ್ಕೇ ಪಾತ್ರ. ಮನಸ್ಸಿನ ಕಾಯಿಲೆ ಇರುವ ಕಾರಿನ್‌ಗೆ ಹಳೇ ಕೋಣೆಯ ಗೋಡೆ ಕಾಗದದ ಹಿಂದಿನಿಂದ ದನಿಗಳು ಕೇಳಿಸುತ್ತವೆ. ಅಲ್ಲಿಂದ ದೇವರು ಬರುತ್ತಾನೆ ಅಂತ ಅವಳು ಕಾಯುತ್ತಾಳೆ, ಅವಳಿಗೆ ಕಾಣಿಸೋದು ಜೇಡ. ಆಸ್ಕರ್ ಬಂದದ್ದು ಸಿನಿಮಾಕ್ಕೆ, ಆದರೆ ಆ ಸಿನಿಮಾವನ್ನು ಹೊತ್ತು ನಿಲ್ಲಿಸಿದ್ದು ಹ್ಯಾರಿಯೆಟ್.

"ಹಾಗಾದ್ರೆ ಬರ್ಗ್‌ಮನ್ ಇಲ್ಲದಿದ್ರೆ ಅವರಿಲ್ಲ, ಅಲ್ವಾ?" ಅಂತಲೂ ಕೆಲವರು ಕೇಳುತ್ತಾರೆ. ಈ ಮಾತು ನನಗೆ ಸಿಟ್ಟು ತರಿಸುತ್ತದೆ. 1964ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಹ್ಯಾರಿಯೆಟ್‌ಗೆ ಅತ್ಯುತ್ತಮ ನಟಿ ಪ್ರಶಸ್ತಿ ಸಿಕ್ಕಿದ್ದು ಫಿನ್ಲೆಂಡಿನ ಯೋರ್ನ್ ಡೊನ್ನರ್ ನಿರ್ದೇಶಿಸಿದ 'ಟು ಲವ್' ಸಿನಿಮಾಕ್ಕೆ. 2003ರಲ್ಲಿ, ಎಪ್ಪತ್ತು ದಾಟಿದ ಮೇಲೆ, ಲಾರ್ಸ್ ವಾನ್ ಟ್ರಿಯರ್ ಅವರ 'ಡಾಗ್‌ವಿಲ್'ನಲ್ಲೂ ಇದ್ದಾರೆ. ಅಲ್ಲಿ ಊರು ಅಂದರೆ ನೆಲದ ಮೇಲೆ ಎಳೆದ ಬಿಳಿ ಗೆರೆ ಅಷ್ಟೇ, ಮನೆಗಳಿಗೆ ಗೋಡೆಯೇ ಇಲ್ಲ. ರಂಗಭೂಮಿಯಿಂದ ಬಂದವರಿಗೆ ಅದು ಹೊಸದೇನಲ್ಲ ಬಿಡಿ.

ಇನ್ನು ಬರ್ಗ್‌ಮನ್ ಅವರ 1972ರ 'ಕ್ರೈಸ್ ಅಂಡ್ ವಿಸ್ಪರ್ಸ್'. ದಯವಿಟ್ಟು ಇದರಿಂದ ಮಾತ್ರ ಶುರು ಮಾಡಬೇಡಿ. ಕೆಂಪು ಗೋಡೆಗಳ ಮನೆಯಲ್ಲಿ ಕ್ಯಾನ್ಸರ್‌ನಿಂದ ಸಾಯುತ್ತಿರುವ ಆಗ್ನೆಸ್ ಆಗಿ ಹ್ಯಾರಿಯೆಟ್. ಬೆಳಗಿನ ಜಾವ ಎಚ್ಚರವಾಗುತ್ತದೆ. ಮಾತಿಲ್ಲ. ನೋವು ಮೊದಲು ತುಟಿಗೆ ಬರುತ್ತದೆ, ಆಮೇಲೆ ಇಡೀ ಮುಖಕ್ಕೆ, ಆಮೇಲೆ ಸ್ವಲ್ಪ ಇಳಿಯುತ್ತದೆ. ಅವಳು ಎದ್ದು, ಇವತ್ತು ಸೋಮವಾರ, ನನಗೆ ನೋವಿದೆ ಅಂತ ಡೈರಿಯಲ್ಲಿ ಬರೆಯುತ್ತಾಳೆ. ಮೋನಿಕಾಳನ್ನು ಮೊದಲೇ ನೋಡಿದ್ದರೆ, ಆ ತುಂಬು ಕೆನ್ನೆಯ ಹುಡುಗಿ ಇವರೇನಾ ಅಂತ ಹೊಟ್ಟೆಯೊಳಗೆ ಸಂಕಟವಾಗುತ್ತದೆ. ಅದಕ್ಕೇ ನಾನು ವರ್ಷದ ಕ್ರಮದಲ್ಲಿ ನೋಡಿ ಅನ್ನೋದು.

ಇದಾದ ಮೇಲೆ ಕೆಲವು ದಿನ ಬಿಟ್ಟು 1982ರ 'ಫ್ಯಾನಿ ಅಂಡ್ ಅಲೆಕ್ಸಾಂಡರ್' ಹಾಕಿ. ಬಿಷಪ್ ಮನೆಯ ಕೆಲಸದವಳು ಜಸ್ಟಿನಾ ಸಣ್ಣ ಪಾತ್ರ. ಹುಡುಗ ಅಲೆಕ್ಸಾಂಡರ್ ಹೇಳಿದ್ದನ್ನೆಲ್ಲ ಕೂತು ಕೇಳಿಸಿಕೊಂಡು, ಆಮೇಲೆ ಹೋಗಿ ಬಿಷಪ್ ಕಿವಿಗೆ ಹಾಕುತ್ತಾಳೆ. ಅದು ಹ್ಯಾರಿಯೆಟ್ ಅಂತ ನಿಮಗೆ ತಕ್ಷಣ ಗೊತ್ತಾಯಿತಾ ಇಲ್ವಾ, ನನಗೆ ಬರೆದು ತಿಳಿಸಿ.