ಕುಡೀಬೇಡ್ವೇ!

ಸಂಜೆ ಧಾರಾವಾಹಿಯಲ್ಲಿ ಅತ್ತೆ ಹಾಲಿಗೆ ಏನೋ ಬೆರೆಸಿದಳು. ಸೊಸೆ ಲೋಟ ಎತ್ತಿದಳು. ನಮ್ಮಮ್ಮ "ಅಯ್ಯೋ ಕುಡೀಬೇಡ್ವೇ!" ಅಂತ ಕೂಗಿದರು, ಅದೇ ಉಸಿರಲ್ಲಿ ನನ್ನ ಕಡೆ ತಿರುಗಿ "ಆ ಸೀರೆ ಬಾರ್ಡರ್ ನೋಡು, ಎಷ್ಟು ಚೆನ್ನಾಗಿದೆ" ಅಂದರು. ಭಯವೂ ನಿಜ, ಬಾರ್ಡರೂ ನಿಜ.

1975ರಲ್ಲಿ ಕಾಲಿನ್ ರಾಡ್‌ಫೋರ್ಡ್ ಎಂಬ ತತ್ವಶಾಸ್ತ್ರಜ್ಞರು ಇದನ್ನೇ ಕೇಳಿದ್ದರು. ಇಲ್ಲದೇ ಇರುವ ಮನುಷ್ಯರಿಗಾಗಿ ನಾವು ಅಳೋದು ತರ್ಕಕ್ಕೆ ಕೂಡುತ್ತಾ? ಕೂಡಲ್ಲ ಅಂದುಬಿಟ್ಟರು. 1978ರಲ್ಲಿ ಕೆಂಡಲ್ ವಾಲ್ಟನ್ ಎಂಬ ಇನ್ನೊಬ್ಬ ತತ್ವಶಾಸ್ತ್ರಜ್ಞರು ಬೇರೆ ದಾರಿ ಹಿಡಿದರು: ಪರದೆ ಮೇಲೆ ನುಗ್ಗಿ ಬರುವ ಭಯಂಕರ ಹಸಿರು ಲೋಳೆ ನೋಡಿ ಕುರ್ಚಿ ಗಟ್ಟಿಯಾಗಿ ಹಿಡಿಯುವವನು ಎದ್ದು ಓಡಲ್ಲ ಅಲ್ವಾ, ಹಾಗಾಗಿ ಇದು ಮಕ್ಕಳ ಸುಳ್ಳುಸುಳ್ಳು ಆಟದ ಥರ. ಎದೆ ಬಡಿಯೋದು ನಿಜ, ಆದರೆ ಅದನ್ನು ಭಯ ಅನ್ನಬೇಡಿ ಅಂತಾರೆ. ಅಮ್ಮನಿಗೆ ಇದನ್ನು ಹೇಳೋ ಧೈರ್ಯ ನನಗಿಲ್ಲ.

ಆದರೆ ಕೊನೆ ಗೊತ್ತಿದ್ದರೂ ಆ ಆಟವನ್ನು ಮತ್ತೆ ಆಡಬಹುದು ಅನ್ನೋ ವಾಲ್ಟನ್ ಅವರ ಮಾತು ಸರಿ ಅನ್ಸುತ್ತೆ. ಯಕ್ಷಗಾನದಲ್ಲಿ ಅಭಿಮನ್ಯು ಚಕ್ರವ್ಯೂಹಕ್ಕೆ ನುಗ್ಗುವಾಗ ಮುಂದೆ ಕೂತ ಎಲ್ಲರಿಗೂ ಕಥೆ ಗೊತ್ತು, ಆದರೂ ಈ ಸಲವಾದರೂ ಹುಡುಗ ಹೊರಗೆ ಬರಬಹುದೇನೋ ಅಂತ ಒಂದು ಹುಚ್ಚು ಆಸೆ ಇರುತ್ತೆ. ನಿಮಗೂ ಹೀಗಾಗುತ್ತಾ, ಇಲ್ಲಾ ನಮ್ಮನೆಯವರು ಮಾತ್ರ ಹೀಗಾ?