ಒಂದಕ್ಷರದ ಕ್ರಿಯಾಪದ

ಜುಲೈ 24, 2025, ಗುರುವಾರ
ಉಪ್ಪಳ

ಆಟಿ ಅಮಾವಾಸ್ಯೆ. ಬೆಳಿಗ್ಗೆ ಬರಿಹೊಟ್ಟೆಗೆ ಪಾಲೆಕೆತ್ತೆಯ, ಅಂದರೆ ಪಾಲೆ ಮರದ ತೊಗಟೆಯ ಕಷಾಯ, ಅದರ ಮೇಲೆ ಮೆಂತೆಗಂಜಿ. ಈ ವಿಷಯದಲ್ಲಿ ಅತ್ತೆಯ ಹತ್ತಿರ ರಿಯಾಯಿತಿ ಇಲ್ಲ, ನಿಮಗೆ ಗೊತ್ತೇ ಉಂಟು. ಹಗಲು ಮಳೆಯಲ್ಲಿ ಹೇಗೋ ಕಳೆಯಿತು.

ಸಂಜೆ ಪಾಠಕ್ಕೆ ಬರುವ ಹುಡುಗಿ ಬಂದಳು, ನಾನು ಮೋಳು ಎಂದು ಕರೆಯುವವಳು. ಹತ್ತನೇ ಕ್ಲಾಸು, ಕನ್ನಡ ಮಾಧ್ಯಮ. ಮೊದಲ ಭಾಷೆಯ ಒಂದು ಪೇಪರು ಅರಬಿ, ಇನ್ನೊಂದು ಕನ್ನಡ. ನನ್ನಲ್ಲಿಗೆ ಬರುವುದು ಕನ್ನಡಕ್ಕೆ. ಆದರೆ ಇವತ್ತು ಚೀಲದಿಂದ ಹೊರಬಂದದ್ದು ದರ್ಸಿನಲ್ಲಿ, ಅಂದರೆ ಮಸೀದಿಯ ಧಾರ್ಮಿಕ ಪಾಠದಲ್ಲಿ, ಓದುವ ಅವಳ ಇಚ್ಚನ (ಅಣ್ಣನ) ನೋಟು ಪುಸ್ತಕ. ಕೇಳಿ ತಂದದ್ದೋ ಕೇಳದೆ ತಂದದ್ದೋ, ನಾನು ವಿಚಾರಿಸಲು ಹೋಗಲಿಲ್ಲ.

"ಕತಬ, ಕತಬಾ, ಕತಬೂ" ಎಂದು ಶುರು ಮಾಡಿದಳು. ಬರೆದನು, ಇಬ್ಬರು ಬರೆದರು, ಹಲವರು ಬರೆದರು. ಮತ್ತೆ ಹೆಂಗಸರಿಗೆ ಮೂರು. ಎದುರಿಗಿರುವ ಗಂಡಸರಿಗೆ ಮೂರು, ಹೆಂಗಸರಿಗೆ ಮೂರು. ಕೊನೆಗೆ ನಾನು, ನಾವು. ಒಟ್ಟು 14.

ಒಳಗಿನಿಂದ ಅತ್ತೆ ಕೇಳಿದರು: "ಯಾರದು, ರಾಮಃ ರಾಮೌ ಹೇಳುವುದು?"

ಮೋಳು ಬಾಯಿಗೆ ಶಾಲು ಒತ್ತಿಕೊಂಡು ನಕ್ಕಳು. ಅತ್ತೆಗೆ ಕಿವಿ ಮಂದ, ನಿಜ. ತಾಳ ಮಾತ್ರ ಸರಿಯಾಗಿಯೇ ಕೇಳಿಸಿದೆ. ಸಂಸ್ಕೃತದ ಹಾಗೆ ಅರಬಿಯಲ್ಲೂ ದ್ವಿವಚನ ಉಂಟು. ಕ್ರಿಯಾಪದದ ಬಾಯಿಪಾಠ ಎರಡರಲ್ಲೂ 'ಅವನು' ಎಂದು ಶುರುವಾಗಿ 'ನಾನು' ಎಂಬಲ್ಲಿಗೆ ಕಡೆಗೆ ಬರುತ್ತದೆ. ನಮ್ಮ ಹಳೆಯ ವ್ಯಾಕರಣದಲ್ಲೂ ಪ್ರಥಮ ಪುರುಷ ಎಂದರೆ ಅವನೇ.

ಅವಳಿಗೆ ತೋರಿಸಬೇಕಿದ್ದದ್ದು ಇದಲ್ಲವಂತೆ. ಪುಟ ತಿರುಗಿಸಿದಳು.

"ಟೀಚರೇ, ಇದೆಂತ ನೋಡಿ. ಮೂರಕ್ಷರದ ಧಾತು, ಆಜ್ಞೆ ಮಾಡುವಾಗ ಒಂದೇ ಅಕ್ಷರ."

ನೋಡಿದೆ. ಅರಬಿಯ ಹೆಚ್ಚಿನ ಧಾತುಗಳಿಗೆ ಮೂರು ವ್ಯಂಜನ. ಅವುಗಳಲ್ಲಿ ವ ಅಥವಾ ಯ ಬಂದರೆ ಆ ಕ್ರಿಯಾಪದಕ್ಕೆ ಕಾಯಿಲೆ ಎಂದೇ ಅರಬಿ ವ್ಯಾಕರಣದವರ ಲೆಕ್ಕ. ಖಾಲ ಎಂದರೆ ಹೇಳಿದನು, ಧಾತು ಖ್-ವ್-ಲ್. ವರ್ತಮಾನದಲ್ಲಿ ಯಖೂಲು, ಆಜ್ಞೆಯಲ್ಲಿ ಖುಲ್. ನಡುವಿನ ವ ಮಾಯ. ಮೋಳು ತೋರಿಸಿದ್ದಕ್ಕೆ ಎರಡು ಕಡೆ ಕಾಯಿಲೆ. ವಖಾ, ಕಾಪಾಡಿದನು. ವರ್ತಮಾನ ಯಖೀ, ಅಲ್ಲಿಗೆ ಮೊದಲಿನ ವ ಹೋಯಿತು. ಆಜ್ಞೆ ಮಾಡಲು ಮುಂದಿನ ಯ ತೆಗೆಯಬೇಕು, ಕೊನೆಯ ದೀರ್ಘವೂ ಉದುರಬೇಕು. ಉಳಿಯುವುದು 'ಖಿ'. ಅಷ್ಟೇ. ಒಂಟಿಯಾಗಿ ನಿಲ್ಲಿಸಿ ಓದುವುದಾದರೆ ಕೊನೆಗೊಂದು ಹ್ ಅನ್ನು ಊರುಗೋಲಿನ ಹಾಗೆ ಕೊಡುತ್ತಾರೆ.

"ದಿನಾ ದುಆದಲ್ಲಿ ಹೇಳುತ್ತೇವಲ್ಲ ಟೀಚರೇ, ವಖಿನಾ ಅದಾಬನ್ನಾರ್ ಅಂತ. ನರಕದ ಬೆಂಕಿಯಿಂದ ನಮ್ಮನ್ನು ಕಾಪಾಡು ಅಂತ. ಅದು ಇದೇ."

"ಹಾಗಾದರೆ ವ ಅಲ್ಲಿ ಉಂಟಲ್ಲ?"

"ನಾನೂ ಹಾಗೇ ಕೇಳಿದ್ದು. ಆ ವ ಬೇರೆಯಂತೆ. ಅದು 'ಮತ್ತು' ಎಂಬ ವ. ಖಿ ಅಂದರೆ ಕಾಪಾಡು, ನಾ ಅಂದರೆ ನಮ್ಮನ್ನು."

ಧಾತುವಿನ ಸ್ವಂತ ವ ಹೋದ ಜಾಗದಲ್ಲೇ ಸಂಬಂಧವಿಲ್ಲದ ಇನ್ನೊಂದು ವ ಬಂದು ನಿಂತಿದೆ. ಅದನ್ನು ಹೇಳುವಾಗ ಹುಡುಗಿಯ ಮುಖ ನೋಡಬೇಕಿತ್ತು. ಕನ್ನಡದ ಸಂಧಿ ಬಿಡಿಸುವಾಗ ಇಷ್ಟು ಬೆಳಕು ಆ ಮುಖದಲ್ಲಿ ನಾನು ಕಂಡದ್ದಿಲ್ಲ. ಸ್ವಲ್ಪ ಹೊಟ್ಟೆಕಿಚ್ಚೂ ಆಯಿತು, ಬರೆದುಬಿಡುತ್ತೇನೆ.

ಅವಳ ಉಪ್ಪ (ಅಪ್ಪ) ದುಬಾಯಿಯ ಕೆಫೆಟೇರಿಯಾದಲ್ಲಿರುವುದು. ಫೋನಿನಲ್ಲಿ ಈ ರೂಪಗಳನ್ನೆಲ್ಲ ಹೇಳಿದಳಂತೆ. ಅವರು, "ಇಲ್ಲಿ ಇದೆಲ್ಲ ಯಾರಿಗೆ ಬೇಕು? ಅನ ರೂಹ್, ಇನ್ತ ರೂಹ್. ನಾನು ಹೋಗುವುದಕ್ಕೂ ನೀನು ಹೋಗುವುದಕ್ಕೂ ಒಂದೇ" ಎಂದರಂತೆ. ಅವರು ಹೇಳಿದ್ದು ಸರಿಯೇ. ಊರೂರಿನ ಕೂಲಿಯವರು ಸೇರಿ ಕಟ್ಟಿಕೊಂಡ ಅರಬಿ ಅದು, ಅದಕ್ಕೆ 14 ರೂಪ ಹೊರುವ ಪುರುಸೊತ್ತಿಲ್ಲ. ಅರಬರ ಮನೆಮಾತಿನಲ್ಲೇ ಕ್ರಿಯಾಪದದ ದ್ವಿವಚನ ಉಳಿದಿಲ್ಲವಲ್ಲ.

ಆದರೂ ಒಂದು ಮಾತು. ಅರಬಿ ವ್ಯಾಕರಣಕ್ಕೆ ಅಡಿಪಾಯ ಹಾಕಿದ ಸೀಬವೈಹಿ ಹುಟ್ಟಿನಿಂದ ಪರ್ಷಿಯಾದವನು. 8ನೇ ಶತಮಾನದಲ್ಲಿ ಬಸ್ರಾಕ್ಕೆ ಬಂದು ಕಲಿತವನು. ನಮ್ಮ ಕನ್ನಡಕ್ಕೆ 1894ರಲ್ಲಿ ಆ ದೊಡ್ಡ ನಿಘಂಟು ಕೊಟ್ಟ ಕಿಟ್ಟೆಲರು ಜರ್ಮನಿಯವರು. ತೊಟ್ಟಿಲಲ್ಲೇ ಭಾಷೆ ಸಿಕ್ಕಿದವರಿಗೆ ಕೋಷ್ಟಕ ಬೇಕಾಗುವುದಿಲ್ಲ. ಮನೆಯಲ್ಲಿ ಬ್ಯಾರಿ, ಅಂಗಡಿಯಲ್ಲಿ ತುಳು, ಬಸ್ಸಿನಲ್ಲಿ ಮಲಯಾಳ, ಶಾಲೆಯಲ್ಲಿ ಕನ್ನಡ ಆಡುವ ಈ ಹುಡುಗಿಗೆ ಕೋಷ್ಟಕ ರುಚಿಸುವುದರಲ್ಲಿ ನನಗಂತೂ ಆಶ್ಚರ್ಯವಿಲ್ಲ.

ಅರಬಿ ಟೀಚರ್ ಆಗುತ್ತಾಳಂತೆ. "ಕನ್ನಡ ಟೀಚರ್ ಆಗಬಾರದಾ ಮೋಳೂ?" ಎಂದೆ. "ಪೋಸ್ಟು ಎಲ್ಲಿ ಉಂಟು ಟೀಚರೇ?" ಎಂದಳು. ಕನ್ನಡ ಬಾರದವರನ್ನು ಕನ್ನಡ ಮಕ್ಕಳ ಮುಂದೆ ನಿಲ್ಲಿಸುವ ಕಾಸರಗೋಡಿನಲ್ಲಿ ನಾನೇನು ಉತ್ತರ ಕೊಡಲಿ? ಕರೆಂಟೂ ಆಗಲೇ ಹೋಯಿತು. ಟಾರ್ಚು ಹಿಡಿದು ಗೇಟಿನವರೆಗೆ ಬಿಟ್ಟು ಬಂದೆ.

ಊಟ ಮಾಡುವಾಗಲೂ ಆ 'ಖಿ' ಬಿಡಲಿಲ್ಲ. ನಮ್ಮಲ್ಲೂ ಬರು, ಬಂದ, ಬಾ. ತರು, ತಂದ, ತಾ. ರು ಎಲ್ಲಿ ಹೋಯಿತು ಎಂದು ಇಷ್ಟು ವರ್ಷ ಪಾಠ ಮಾಡಿದರೂ ಯಾವ ಮಗುವೂ ಕೇಳಿಲ್ಲ. ಇನ್ನು ಯ: ಬೇಯು ಬೆಂದ, ನೋಯು ನೊಂದ, ಮೀಯು ಮಿಂದ, ಸಾಯು ಸತ್ತ. ಎಲ್ಲದರಲ್ಲೂ ಯ ಮಾಯ. ಕೊಯ್ದ, ನೆಯ್ದ, ಬಯ್ದ, ಇವುಗಳಲ್ಲಿ ಗಟ್ಟಿಯಾಗಿ ನಿಂತಿದೆ. ಯದ ಹಿಂದೆ ದೀರ್ಘವಿದ್ದರೆ ಹೋಗುತ್ತದೆ, ಹ್ರಸ್ವವಿದ್ದರೆ ಉಳಿಯುತ್ತದೆ ಎಂದು ನಾಳೆ ಮೋಳುವಿಗೆ ಹೇಳೋಣವೆಂದುಕೊಂಡೆ. ಆದರೆ ಹಾಯ್ದ? ಕಾಯು ಎಂಬುದಕ್ಕಂತೂ ಕಾದ, ಕಾಯ್ದ ಎರಡೂ ಉಂಟು. ಹಳೆಯ ವ್ಯಾಕರಣಕಾರ ಕೇಶಿರಾಜನ ಪುಸ್ತಕವನ್ನು ಅಟ್ಟದಿಂದ ಇಳಿಸಬೇಕು, ಈ ಕತ್ತಲೆಯಲ್ಲಿ ಏಣಿ ಎಲ್ಲಿ ಹುಡುಕಲಿ?