ಕಂತು ಕಾಣುತ್ತದೆ, ಬಡ್ಡಿ ಕಾಣಲ್ಲ

ಮನೆ ಸಾಲ ಅಂದ ತಕ್ಷಣ ಎಲ್ಲರೂ ಕೇಳುವುದು ತಿಂಗಳ ಕಂತು ಎಷ್ಟು ಅಂತ. ಕೊನೆಗೆ ಒಟ್ಟು ಎಷ್ಟು ಕಟ್ಟುತ್ತೇವೆ ಅಂತ ಕೇಳುವವರು ಕಡಿಮೆ. ಇವತ್ತು ಸುಮ್ನೆ ಲೆಕ್ಕ ಹಾಕುತ್ತಾ ಕೂತೆ.

ಶೇ. 9ರ ಬಡ್ಡಿ, 20 ವರ್ಷ. ತೆಗೆದುಕೊಂಡ ಸಾಲದ ಸುಮಾರು 2.16 ಪಟ್ಟು ವಾಪಸ್ ಕಟ್ಟಬೇಕು. ಅಸಲಿಗಿಂತ ಬಡ್ಡಿಯೇ ಜಾಸ್ತಿ! ಮೊದಲ ಕಂತಿನಲ್ಲಿ ಶೇ. 83ರಷ್ಟು ಬಡ್ಡಿಗೇ ಹೋಗುತ್ತದೆ. 10 ವರ್ಷ ತಪ್ಪದೆ ಕಟ್ಟಿದ ಮೇಲೂ ಅಸಲಿನ ಶೇ. 71 ಹಾಗೇ ಉಳಿದಿರುತ್ತದೆ. ಅರ್ಧ ಅಸಲು ತೀರಲು 14 ವರ್ಷ ಬೇಕು.

ಅವಧಿ 30 ವರ್ಷ ಮಾಡಿಕೊಂಡರೆ ಹಗುರ ಅಂತಾರೆ. ಕಂತು ಇಳಿಯುವುದು ಶೇ. 11ರಷ್ಟು. ಒಟ್ಟು ಮೊತ್ತ ಮಾತ್ರ 2.9 ಪಟ್ಟಿಗೆ ಹೋಗಿ ಕೂರುತ್ತದೆ. ಇದ್ಯಾವ ಸೀಮೆ ಹಗುರ?

ಬಾಡಿಗೆ ದಂಡ ಅನ್ನುವವರು ಈ ಬಡ್ಡಿ, ರಿಪೇರಿ, ತೆರಿಗೆ ಯಾವುದನ್ನೂ ಲೆಕ್ಕಕ್ಕೇ ತೆಗೆದುಕೊಳ್ಳುವುದಿಲ್ಲ. (ಆದರೂ ಸ್ವಂತ ಮನೆ ಬೇಕು ಅನ್ನಿಸುತ್ತದೆ, ಅದು ಬೇರೆ ಮಾತು.) ವರ್ಷಕ್ಕೆ ಒಂದು ಕಂತು ಹೆಚ್ಚಿಗೆ ಕಟ್ಟಿದರೆ ಅದೇ 20 ವರ್ಷದ ಸಾಲ ಸುಮಾರು ಮೂರೂವರೆ ವರ್ಷ ಮೊದಲೇ ತೀರುತ್ತದೆ. ಕಟ್ಟುವುದಾದರೆ ಶುರುವಿನಲ್ಲೇ ಕಟ್ಟಬೇಕು. ಬಡ್ಡಿ ಜಾಸ್ತಿ ತಿನ್ನುವುದು ಆಗಲೇ ಅಲ್ವಾ?